ಹಳೆ ಕಾಮಿಕ್ಸ್ ಉಳಿಸುವುದು ಅಭಿಮಾನಿಗಳ ಹೊಣೆ ಮಾತ್ರವೇ?

ಕಳೆದ ರಜೆಯಲ್ಲಿ ಅಜ್ಜಿ ಮನೆಯ ಅಟ್ಟದಲ್ಲಿದ್ದ ಸೋದರಮಾವನ ಟ್ರಂಕು ತೆರೆದಾಗ ಹದಿನಾಲ್ಕು ಇಂದ್ರಜಾಲ ಕಾಮಿಕ್ಸ್ ಸಿಕ್ಕವು. ಪಿನ್ನುಗಳಿಗೆ ತುಕ್ಕು ಹಿಡಿದಿತ್ತು. ಪುಟ ತಿರುಗಿಸಿದರೆ ಅಂಚು ಹಪ್ಪಳದಂತೆ ಮುರಿಯುತ್ತಿತ್ತು. ಒಂದರಲ್ಲಂತೂ ಕೊನೆಯ ಎರಡು ಪುಟಗಳೇ ಇರಲಿಲ್ಲ. ಅಂತರ್ಜಾಲದಲ್ಲಿ ಹುಡುಕಿದೆ. ಅದೇ ಕಥೆಯ ಇಂಗ್ಲಿಷ್ ಸಂಚಿಕೆಯನ್ನು ಯಾರೋ ಅಭಿಮಾನಿ ಪುಟಪುಟವಾಗಿ ಸ್ಕ್ಯಾನ್ ಮಾಡಿಟ್ಟಿದ್ದರು. ಕನ್ನಡದ್ದು ಮಾತ್ರ ಎಷ್ಟು ಹುಡುಕಿದರೂ ಸಿಗಲಿಲ್ಲ.

1964ರಲ್ಲಿ ಶುರುವಾದ ಇಂದ್ರಜಾಲ 1990ರಲ್ಲಿ ನಿಂತುಹೋಯಿತು. ಅಷ್ಟರಲ್ಲಿ 800ಕ್ಕೂ ಹೆಚ್ಚು ಸಂಚಿಕೆಗಳು ಬಂದಿದ್ದವು. ಫ್ಯಾಂಟಮ್, ಮ್ಯಾಂಡ್ರೇಕ್ ಜೊತೆಗೆ ಆಬಿದ್ ಸುರ್ತಿಯವರು ಸೃಷ್ಟಿಸಿದ ನಮ್ಮದೇ ನಾಯಕ ಬಹಾದೂರ್ ಕೂಡ ಅಲ್ಲಿದ್ದ. ಇವನ್ನು ಇಂದಿನ ಓದುಗರಿಗೆ ತಲುಪಿಸಿದವರು ಸ್ವಂತ ಖರ್ಚಿನಲ್ಲಿ, ನಿದ್ದೆಗೆಟ್ಟು ಸ್ಕ್ಯಾನ್ ಮಾಡಿದ ಅಭಿಮಾನಿಗಳು.

ಅಮರ ಚಿತ್ರ ಕಥೆಯದೂ ಕುತೂಹಲದ ಸಂಗತಿ. ಅನಂತ ಪೈ ಅವರ ಇಂಗ್ಲಿಷ್ ‘ಕೃಷ್ಣ’ಕ್ಕೆ 11ನೇ ಸಂಖ್ಯೆ ಇದೆ. ಏಕೆಂದರೆ ಮೊದಲ ಹತ್ತು ಪುಸ್ತಕಗಳು ಬಂದದ್ದು ಕನ್ನಡದಲ್ಲಿ. 1965ರಲ್ಲಿ, ಬೆಂಗಳೂರಿನ ಜಿ.ಕೆ. ಅನಂತರಾಮ್ ಅವರ ಪ್ರಯತ್ನದಿಂದ. ‘ಕೃಷ್ಣ’ ಇಂದಿಗೂ ಅಂಗಡಿಯಲ್ಲಿ ಸಿಗುತ್ತದೆ. ಆ ಹತ್ತು ಕನ್ನಡ ಪುಸ್ತಕಗಳನ್ನು ನಾನಿನ್ನೂ ಕಣ್ಣಾರೆ ಕಂಡಿಲ್ಲ.

ಹಾಗೆಂದು ಸಿಕ್ಕಿದ್ದೆಲ್ಲವನ್ನೂ ಸ್ಕ್ಯಾನ್ ಮಾಡಿ ಹಂಚುವುದು ಸರಿಯೆಂದು ನಾನು ವಾದಿಸುವುದಿಲ್ಲ. ಮಾರಾಟದಲ್ಲಿರುವ ಪುಸ್ತಕವನ್ನು ಪುಕ್ಕಟೆ ಹಂಚಿದರೆ ಪ್ರಕಾಶಕರಿಗೆ ನಷ್ಟ. ಮಾರಾಟ ನಿಂತ ಮಾತ್ರಕ್ಕೆ ಹಕ್ಕುಸ್ವಾಮ್ಯವೂ ಮುಗಿಯುವುದಿಲ್ಲ. ಆದರೆ ಕಾನೂನಿನಲ್ಲೇ ಒಂದು ದಾರಿಯಿದೆ. 2012ರ ತಿದ್ದುಪಡಿಯ ಪ್ರಕಾರ, ಲಾಭದ ಉದ್ದೇಶವಿಲ್ಲದ ಸಾರ್ವಜನಿಕ ಗ್ರಂಥಾಲಯವು ತನ್ನ ಬಳಿ ಮುದ್ರಿತ ಪ್ರತಿ ಇದ್ದರೆ, ಸಂರಕ್ಷಣೆಗಾಗಿ ಅದರ ಡಿಜಿಟಲ್ ಪ್ರತಿ ಇಟ್ಟುಕೊಳ್ಳಬಹುದು. ಅಂದರೆ, ಅಭಿಮಾನಿಗಳು ಅಳುಕುತ್ತಾ ಮಾಡುವ ಕೆಲಸವನ್ನು ಗ್ರಂಥಾಲಯಗಳು ರಾಜಾರೋಷವಾಗಿ ಮಾಡಬಹುದು.

ಇದರಲ್ಲಿ ನಮ್ಮಂಥ ವಿದ್ಯಾರ್ಥಿಗಳಿಗೂ ಪಾಲಿದೆ. ಪಿನ್ನು ಬಿಚ್ಚಿ, ಪುಟಗಳನ್ನು ಸ್ಕ್ಯಾನ್ ಮಾಡಿ, ಸಂಚಿಕೆಯ ಸಂಖ್ಯೆ, ವರ್ಷ, ಅನುವಾದಕರ ಹೆಸರು ಇದ್ದರೆ ಅದನ್ನೂ ಕನ್ನಡದಲ್ಲಿ ದಾಖಲಿಸಲು ಬೇಕಿರುವುದು ತಾಳ್ಮೆ ಮಾತ್ರ. ಕಾಲೇಜಿನ ಮಿನಿ ಪ್ರಾಜೆಕ್ಟ್‌ಗೆ ಇದಕ್ಕಿಂತ ಉಪಯುಕ್ತ ವಿಷಯ ಬೇಕೇ?

‘ಮಕ್ಕಳ ಪುಸ್ತಕ ತಾನೇ’ ಎಂದು ಸುಮ್ಮನಾದರೆ ಕನ್ನಡದ ಪ್ರತಿಗಳು ಗೆದ್ದಲಿಗೋ ಗುಜರಿಗೋ ಸೇರುತ್ತವೆ. ಮಾವನ ಹದಿನಾಲ್ಕು ಪುಸ್ತಕಗಳನ್ನು ಕೊಡಲು ನಾನು ಸಿದ್ಧ. ಜೋಪಾನ ಮಾಡುವ ಗ್ರಂಥಾಲಯವೊಂದು ಬೇಕಾಗಿದೆ.