ಗೆದ್ದವನ ಕುರ್ಚಿ, ಅಜ್ಜನ ಕಾಗದ

ಹಿರೇಕೆರೂರು ತಾಲ್ಲೂಕಿನ ಅಬಲೂರು ಸರ್ವಜ್ಞನ ಊರು. ತಂದೆ ಮಾಸೂರಿನ ಬ್ರಾಹ್ಮಣ, ತಾಯಿ ಅಬಲೂರಿನ ಕುಂಬಾರರ ಹೆಣ್ಣುಮಗಳು ಎಂದು ಜನ ಹೇಳಿಕೊಂಡು ಬಂದಿದ್ದಾರೆ. ಆ ಸರ್ವಜ್ಞ ಇವತ್ತು ಮೀಸಲು ಸ್ಥಾನದಿಂದ ಪಂಚಾಯ್ತಿಗೆ ಗೆದ್ದ ಅಂತಿಟ್ಟುಕೊಳ್ಳಿ. ಅಧಿಕಾರಿ ಕೇಳುತ್ತಾನೆ: 'ಅಪ್ಪನ ಶಾಲಾ ದಾಖಲೆ ಎಲ್ಲಿ? ಅಜ್ಜನದು?' ಕುರ್ಚಿ ಹೋಯಿತು ಬಿಡಿ!

ಇದು ನಗುವ ಮಾತಲ್ಲ. ಕೃಷ್ಣೆ ದಾಟಿ, ಗಡಿ ದಾಟಿ ಜತ್ತ, ಅಕ್ಕಲಕೋಟೆ, ದಕ್ಷಿಣ ಸೊಲ್ಲಾಪುರಕ್ಕೆ ಹೋಗಿ ನೋಡಿ. ಅಲ್ಲಿ ಮೀಸಲು ಸ್ಥಾನದಿಂದ ಗೆದ್ದ ಕನ್ನಡಿಗನ ತಲೆಯ ಮೇಲೆ ಈ ಕತ್ತಿ ತೂಗುತ್ತಿದೆ.

ಮಹಾರಾಷ್ಟ್ರದ ಕಾನೂನು ಹೀಗಿದೆ. ತಹಸೀಲಿಯಲ್ಲಿ ಸಿಕ್ಕ ಜಾತಿ ಪ್ರಮಾಣಪತ್ರ ಸಾಲದು. ಪಡತಾಳಣಿ ಸಮಿತಿ 'ಈ ಪತ್ರ ಸರಿ' ಎಂದು ಇನ್ನೊಂದು ಸಿಂಧುತ್ವ ಪತ್ರ ಕೊಡಬೇಕು. ನಾಮಪತ್ರದ ಹೊತ್ತಿಗೆ ಅದು ಕೈಗೆ ಬಾರದಿದ್ದರೆ, ಅರ್ಜಿ ಹಾಕಿದ ರಸೀದಿ ತೋರಿಸಿ ನಿಲ್ಲಬಹುದು. ಗೆದ್ದ ಆರು ತಿಂಗಳೊಳಗೆ ತಂದೊಪ್ಪಿಸಬೇಕು. ತಪ್ಪಿದರೆ ಆಯ್ಕೆಯೇ ರದ್ದು. ಸಮಿತಿ ತಡಮಾಡಿದರೆ? ಆಗಲೂ ರದ್ದು! ೨೦೧೬ರಲ್ಲಿ ಮುಂಬಯಿ ಹೈಕೋರ್ಟಿನ ಪೂರ್ಣಪೀಠ ಈ ಗಡುವು ಕಡ್ಡಾಯ ಎಂದಿತು. ೨೦೧೮ರ ಆಗಸ್ಟಿನಲ್ಲಿ ಸುಪ್ರೀಂ ಕೋರ್ಟು ಹೌದೆಂದಿತು. ಕೊಲ್ಲಾಪುರ ಮಹಾನಗರಪಾಲಿಕೆಯ ಸದಸ್ಯರಿಂದ ಹಿಡಿದು ಹಳ್ಳಿ ಸರಪಂಚರವರೆಗೆ ಸಾವಿರಾರು ಜನ ನಡುಗಿದರು. ಸರ್ಕಾರ ಓಡೋಡಿ ಬಂದು ಆರನ್ನು ಹನ್ನೆರಡು ತಿಂಗಳು ಮಾಡಿತು. ಅದೂ ಸಾಲದೆ, ೨೦೨೧ರಿಂದೀಚೆಗೆ ಗೆದ್ದವರಿಗಾಗಿ ೨೦೨೩ರಲ್ಲಿ ತಾತ್ಕಾಲಿಕ ಕಾಯ್ದೆ ತಂದು ಮತ್ತೊಂದು ವರ್ಷ ಕೊಟ್ಟಿತು. ಮತ್ತೆ ಮತ್ತೆ ಗಡುವು ಚಾಚಬೇಕಾಗುತ್ತದೆ ಅಂದರೆ ತಪ್ಪು ಸದಸ್ಯನದೋ ಸಮಿತಿಯದೋ, ನೀವೇ ಹೇಳಿ.

ಪರಿಶೀಲನೆ ಬೇಡ ಎಂದು ನಾವು ಹೇಳುತ್ತಿಲ್ಲ. ಸುಳ್ಳು ಜಾತಿಪತ್ರ ಹಿಡಿದು ದಲಿತರ ಸ್ಥಾನ ಕದಿಯುವವನು ಕಳ್ಳನೇ. ನಮ್ಮ ಕರ್ನಾಟಕವನ್ನೇ ನೋಡಿ: ಮುಳಬಾಗಿಲು ಮೀಸಲು ಕ್ಷೇತ್ರದಿಂದ ೨೦೧೩ರಲ್ಲಿ ಗೆದ್ದ ಕೊತ್ತೂರು ಮಂಜುನಾಥ್ ಪರಿಶಿಷ್ಟ ಜಾತಿಯವರಲ್ಲ ಎಂದು ಹೈಕೋರ್ಟು ಹೇಳಿದ್ದು ೨೦೧೮ರ ಏಪ್ರಿಲ್‌ನಲ್ಲಿ. ಅಷ್ಟರಲ್ಲಿ ಐದು ವರ್ಷದ ಶಾಸಕಗಿರಿ ಮುಗಿಯುತ್ತಾ ಬಂದಿತ್ತು! ಇಲ್ಲಿ ದೊಡ್ಡವರ ತಪ್ಪು ಪತ್ರ ಅವಧಿಪೂರ್ತಿ ನಡೆಯುತ್ತದೆ. ಅಲ್ಲಿ ಬಡವನ ನಿಜವಾದ ಪತ್ರ ಒಂದು ದಿನ ತಡವಾದರೆ ಅವನು ಬೀದಿಗೆ.

ಈಗ ಕನ್ನಡಿಗನ ಕಷ್ಟ ಕೇಳಿ. ಅಲ್ಲಿ ಪರಿಶಿಷ್ಟ ಜಾತಿಯವರು ೧೯೫೦ರ ಆಗಸ್ಟ್ ೧೦ಕ್ಕೆ ಮುಂಚಿನ ಪುರಾವೆ ತರಬೇಕು, ಹಿಂದುಳಿದವರು ೧೯೬೭ರ ಅಕ್ಟೋಬರ್ ೧೩ಕ್ಕೆ ಮುಂಚಿನದು. ಹೊಲವೇ ಇಲ್ಲದವನಿಗೆ ಹೊಲದ ಉತಾರ ಎಲ್ಲಿಂದ? ಶಾಲೆಯ ಹೊಸ್ತಿಲು ತುಳಿಯದ ಅಜ್ಜನಿಗೆ ಶಾಲಾ ದಾಖಲೆ ಎಲ್ಲಿಂದ? ಅಜ್ಜ ಪುಣ್ಯಕ್ಕೆ ಓದಿದ್ದರೂ ಓದಿದ್ದು ಕನ್ನಡ ಶಾಲೆಯಲ್ಲಿ. ರಿಜಿಸ್ಟರು ಕನ್ನಡ, ಕಚೇರಿ ಮರಾಠಿ. ಅಜ್ಜನ ಹೆಸರಿನ ಮುಂದೆ 'ಅಗಸ' ಎಂದಿದೆ, ಮೊಮ್ಮಗನ ಅರ್ಜಿಯಲ್ಲಿ 'ಪರೀಟ' ಎಂದಿದೆ ಅಂತಿಟ್ಟುಕೊಳ್ಳಿ. ಎರಡೂ ಬಟ್ಟೆ ಒಗೆಯುವ ಕುಲವೇ ಎಂದು ಊರಿಗೆಲ್ಲ ಗೊತ್ತು. ಫೈಲಿಗೆ ಯಾರು ಹೇಳಬೇಕು?

ಹೆಣ್ಣುಮಕ್ಕಳದು ಇನ್ನೂ ಕಠಿಣ. ಮಹಾರಾಷ್ಟ್ರದ ಪಂಚಾಯ್ತಿಗಳಲ್ಲಿ ಅರ್ಧ ಸ್ಥಾನ ಅವರದು. ಆದರೆ ಹೆಣ್ಣಿನ ಜಾತಿ ತವರಿನದು, ಗಂಡನದಲ್ಲ. ಜತ್ತದ ಸೊಸೆಯ ತವರು ಇಂಡಿಯೋ ಅಥಣಿಯೋ ಆಗಿರುತ್ತದೆ. ಗಡಿಯ ಎರಡೂ ಕಡೆ ಬೀಗತನ ಇರುವುದು ಇವತ್ತಿನದೇ? ಪಂಜಾಬಿನಿಂದ ಉತ್ತರಾಖಂಡಕ್ಕೆ ಮದುವೆಯಾಗಿ ಹೋದ ವಾಲ್ಮೀಕಿ ಹೆಣ್ಣುಮಗಳೊಬ್ಬಳಿಗೆ ಗಂಡನ ರಾಜ್ಯದಲ್ಲಿ ಮೀಸಲಾತಿ ಇಲ್ಲ ಎಂದು ೨೦೧೮ರಲ್ಲಿ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿದೆ. ಆ ಜಾತಿ ಎರಡೂ ರಾಜ್ಯದ ಪಟ್ಟಿಯಲ್ಲಿದ್ದರೂ ಅಷ್ಟೆ! ೧೯೫೬ರಲ್ಲಿ ಎಳೆದ ಗೆರೆ ನಮ್ಮ ಅಕ್ಕತಂಗಿಯರ ಜಾತಿಯನ್ನೂ ಕತ್ತರಿಸಿತು.

ಬೆಂಗಳೂರಿನ ಗೆಳೆಯರೇ, ೨೦೨೨ರ ನವೆಂಬರಿನಲ್ಲಿ ಅಂದಿನ ಮುಖ್ಯಮಂತ್ರಿ, ಶಿಗ್ಗಾವಿಯ ಬಸವರಾಜ ಬೊಮ್ಮಾಯಿ ಜತ್ತದ ಮಾತು ಎತ್ತಿದಾಗ ನಾವೆಲ್ಲ ಚಪ್ಪಾಳೆ ತಟ್ಟಿದೆವು. ನೀರಿಲ್ಲದೆ ಬೇಸತ್ತ ಅಲ್ಲಿನ ಪಂಚಾಯ್ತಿಗಳು ಕರ್ನಾಟಕಕ್ಕೆ ಸೇರುತ್ತೇವೆ ಎಂದು ನಿರ್ಣಯ ಮಾಡಿದ್ದವು. ಆ ನಿರ್ಣಯಕ್ಕೆ ಕೈ ಎತ್ತಿದವರು ಪಂಚಾಯ್ತಿ ಸದಸ್ಯರು. ಕನ್ನಡ ಶಾಲೆಗೆ ಮಾಸ್ತರ ಬೇಕೆಂದು ಕೇಳಬೇಕಾದವರೂ ಅವರೇ. ಆ ಕೈಯೇ ಉಳಿಯದಿದ್ದರೆ ನಮ್ಮ ಚಪ್ಪಾಳೆ ಯಾರಿಗೆ?

ಮಹಾರಾಷ್ಟ್ರ ಸರ್ಕಾರ ಕಾನೂನು ತಿದ್ದಲಿ: ಸದಸ್ಯ ಅರ್ಜಿ, ದಾಖಲೆ ಎಲ್ಲ ಕೊಟ್ಟ ಮೇಲೆ ಸಮಿತಿ ತಡಮಾಡಿದ ದಿನಗಳನ್ನು ಗಡುವಿನಲ್ಲಿ ಎಣಿಸಬಾರದು. ಅದು ನಮ್ಮ ಕೈಯಲ್ಲಿಲ್ಲ. ಕರ್ನಾಟಕ ಸರ್ಕಾರ ನಮ್ಮ ಕೈಯಲ್ಲಿದೆ. ಇಂಡಿ, ಚಡಚಣ, ಅಥಣಿ ತಾಲ್ಲೂಕು ಕಚೇರಿಗಳಲ್ಲಿ ಗಡಿಯಾಚೆಯ ಕನ್ನಡಿಗರಿಗೆಂದೇ ಒಂದು ಕೌಂಟರ್ ತೆರೆಯಲಿ. ತವರಿನ ಹಳೇ ದಾಖಲೆ ಹುಡುಕಿ, ನಕಲಿಗೆ ಮೊಹರು ಒತ್ತಿ, ಮರಾಠಿ ಅನುವಾದವನ್ನೂ ಸೇರಿಸಿ ಪುಕ್ಕಟೆ ಕೊಡಲಿ. ಗಡಿ ಕನ್ನಡಿಗರ ಹೆಸರಿನಲ್ಲಿ ಪ್ರಾಧಿಕಾರವನ್ನೇ ಮಾಡಿಟ್ಟಿದ್ದೇವಲ್ಲ, ಈ ಕೆಲಸ ಅದರ ಮೊದಲ ಕೆಲಸವಾಗಲಿ.

ಇನ್ನು ನಾವು. ಮಹಾರಾಷ್ಟ್ರದ ಬಸ್ಸಿಗೆ ಮಸಿ ಬಳಿಯಲು ಅರ್ಧ ಗಂಟೆ ಸಾಕು. ಮೋಡಿ ಅಕ್ಷರ ಓದಬಲ್ಲ ಒಬ್ಬ ಹಿರಿಯರನ್ನು, ಕಾನೂನು ಓದಿದ ಇಬ್ಬರು ಗೆಳೆಯರನ್ನು ಕರೆದುಕೊಂಡು ಜತ್ತಕ್ಕೆ ಹೋಗಲು ಎರಡು ದಿನ ಬೇಕು. ಮುಂದಿನ ಚುನಾವಣೆಯ ನಾಮಪತ್ರ ಶುರುವಾಗುವ ಮೊದಲೇ ಅರ್ಜಿ ಹಾಕಿಸಬೇಕು. ಬರುವವರು ಯಾರು?