ದಾರ ಯಾರ ಕೈಯಲ್ಲಿದೆ?

ಇತಿಹಾಸವನ್ನು ಗೊಂಬೆಯಾಟ ಮಾಡಬಾರದೆಂದು ಪಂಡಿತರು ಹೇಳುತ್ತಾರೆ. ಮಾಡಿದರೇ ಒಳ್ಳೆಯದೆಂಬುದು ನಮ್ಮ ವಾದ.

ಈಜಿಪ್ಟಿನ ಅಲೆಕ್ಸಾಂಡ್ರಿಯದ ಕಲಾವಿದ ವಾಯೆಲ್ ಶೌಕಿಯವರು 2010ರಿಂದ 2015ರೊಳಗೆ ‘ಕ್ಯಾಬರೆ ಕ್ರುಸೇಡ್ಸ್’ ಎಂಬ ಮೂರು ಚಿತ್ರಗಳನ್ನು ತೆಗೆದರು. ಅವುಗಳಲ್ಲಿ ಪಾತ್ರಧಾರಿಗಳೆಲ್ಲ ಸೂತ್ರದ ಗೊಂಬೆಗಳು. ಕಥೆ ಕ್ರುಸೇಡ್ ಎಂಬ ಧರ್ಮಯುದ್ಧಗಳದು. 1095ರಲ್ಲಿ ಪೋಪ್ ಎರಡನೆಯ ಅರ್ಬನ್ ಕೊಟ್ಟ ಕರೆಗೆ ದಂಡು ಎದ್ದಿತು. 1099ರಲ್ಲಿ ಜೆರುಸಲೇಮ್ ಬಿತ್ತು. ಬೀದಿಯಲ್ಲಿ ರಕ್ತ ಹರಿಯಿತು. ಯುರೋಪು ಇದನ್ನು ಶೌರ್ಯವೆಂದು ಬರೆದುಕೊಂಡಿತು. ಅರಬರು ದಾಳಿಯೆಂದು ಬರೆದಿಟ್ಟರು. ಲೆಬನಾನಿನಲ್ಲಿ ಹುಟ್ಟಿದ ಅಮೀನ್ ಮಾಲೂಫ್ ಅರಬರ ಬರಹಗಳನ್ನು ಆಧರಿಸಿ 1983ರಲ್ಲಿ ಪುಸ್ತಕವೊಂದನ್ನು ಬರೆದರು. ಚಿತ್ರಗಳಿಗೆ ಆಧಾರ ಆ ಪುಸ್ತಕ. ಪೋಪನೂ ಇಲ್ಲಿ ಅರಬ್ಬಿಯಲ್ಲೇ ಮಾತಾಡುತ್ತಾನೆ!

ಗೊಂಬೆಯಿಂದ ಆದ ಲಾಭವೇನು? ಚೆಲುವ ನಟ ಕುದುರೆಯೇರಿ ಬಂದರೆ ನಾವು ಚಪ್ಪಾಳೆ ತಟ್ಟಿ ಅವನ ಕಡೆ ಸೇರಿಬಿಡುತ್ತೇವೆ. ಗೊಂಬೆಗೆ ಯಾರೂ ಜೈಕಾರ ಹಾಕುವುದಿಲ್ಲ. ಪೋಪನ ದಾರವೂ ಕಾಣುತ್ತದೆ, ಸುಲ್ತಾನನ ದಾರವೂ ಕಾಣುತ್ತದೆ. ಕುಣಿಸುವವರು ಯಾರೆಂದು ಕೇಳದೆ ಇರಲಾಗುವುದಿಲ್ಲ.

ಮೊದಲ ಚಿತ್ರದ ಗೊಂಬೆಗಳು ಇಟಲಿಯ ಟ್ಯುರಿನ್ ಪಟ್ಟಣದ ಹಳೆಯ ಮರದ ಗೊಂಬೆಗಳು. ಮೂರನೆಯದರಲ್ಲಿ ಗಾಜಿನವು, ವೆನಿಸಿನ ಮುರಾನೊದಲ್ಲಿ ಮಾಡಿಸಿದವು. ವ್ಯಾಪಾರಿ ಬಂಧುಗಳು ಈ ವೆನಿಸಿನ ಲೆಕ್ಕವನ್ನು ಗಮನಿಸಬೇಕು. ನಾಲ್ಕನೆಯ ಧರ್ಮಯುದ್ಧಕ್ಕೆ ಹಡಗು ಒದಗಿಸಲು ವೆನಿಸ್ 1201ರಲ್ಲಿ 85,000 ಮಾರ್ಕು ಬೆಳ್ಳಿಗೆ ಕರಾರು ಮಾಡಿಕೊಂಡಿತು. ದಂಡಿನವರಿಂದ ಹಣ ತೀರಿಸಲಾಗಲಿಲ್ಲ. ಸಾಲದ ಗಡುವು ಮುಂದೂಡಿಸಿಕೊಳ್ಳಲು 1202ರಲ್ಲಿ ಜಾರಾ ಎಂಬ ಕ್ರೈಸ್ತರ ಊರನ್ನೇ ವೆನಿಸಿಗೆ ಗೆದ್ದುಕೊಟ್ಟರು. 1204ರಲ್ಲಿ ಕ್ರೈಸ್ತರದೇ ಆದ ಕಾನ್‌ಸ್ಟಾಂಟಿನೋಪಲನ್ನು ಸೂರೆ ಮಾಡಿದರು. ಬಾಯಲ್ಲಿ ದೇವರ ಹೆಸರು, ಕಂಕುಳಲ್ಲಿ ಖಾತೆ ಪುಸ್ತಕ!

ಎಲ್ಲರೂ ಗೊಂಬೆಗಳಾದರೆ ಕೊಂದವನ ಹೊಣೆ ಎಲ್ಲಿ ಹೋಯಿತು? ಈ ಆಕ್ಷೇಪಣೆ ನ್ಯಾಯವಾದುದೇ. ಆದರೆ ಜಾರಾದ ಮೇಲೆ ಕೈಮಾಡಲು ಒಪ್ಪದೆ ದಂಡು ಬಿಟ್ಟು ಹೋದವರೂ ಇದ್ದರು. ಗೊಂಬೆಗೆ ದಾರ ಕಡಿದುಕೊಳ್ಳಲು ಬಾರದು, ಮನುಷ್ಯನಿಗೆ ಬರುತ್ತದೆ. ಹೊಣೆಯಿರುವುದು ಅಲ್ಲೇ.

ಸೋದರರೆ, ಗಿರಣಿಯ ಬಾಗಿಲಲ್ಲೋ ಸಂತೆಯಲ್ಲೋ ಯಾವನಾದರೂ ನಿಂತು ನೂರಾರು ವರ್ಷ ಹಳೆಯ ಸೇಡನ್ನು ನಿಮ್ಮ ಕೈಗೆ ಕೊಡಬಂದಾನು. ಗತಕಾಲದಲ್ಲಿ ಅನ್ಯಾಯ ಆಗಿಲ್ಲವೆಂದು ವಾದಿಸಬೇಡಿ, ಆಗಿದೆ. ಅದನ್ನು ಓದಿ ತಿಳಿಯಿರಿ. ಅವನನ್ನು ಮಾತ್ರ ಇಷ್ಟು ಕೇಳಿ: ಈ ದಂಡಿನ ಖರ್ಚು ಯಾರದು, ಲಾಭ ಯಾರಿಗೆ, ಸಾಯುವವರು ಯಾರ ಮಕ್ಕಳು?