ಅಡಿಗೆಯ ಮನೆ: ಮಳೆಗಾಲಕ್ಕೆ ನಾನ್‌ಖಟಾಯಿ

ಕೊಪ್ಪ ತಾಲ್ಲೂಕಿನ ಕಮ್ಮರಡಿಯ ಸೀಮೆಯಲ್ಲಿ ಆಷಾಢ ಶ್ರಾವಣಗಳೆಂದರೆ ಡಬ್ಬಿಯೊಳಗಣ ಹಪ್ಪಳವೂ ಮೆತ್ತಗಾಗುವ ಕಾಲ. ಸಮೀಪದ ಆಗುಂಬೆಯಲ್ಲಿ ವರ್ಷಕ್ಕೆ ಸರಾಸರಿ 7000 ಮಿಲಿಮೀಟರಿಗೂ ಮಿಕ್ಕು ಮಳೆ ಸುರಿಯುವುದೆಂದ ಮೇಲೆ ಇಲ್ಲಿಯ ಗಾಳಿಯ ತೇವವನ್ನು ಬೇರೆ ಬಣ್ಣಿಸಬೇಕಾಗಿಲ್ಲ. ಪೇಟೆಯ ಬಿಸ್ಕತ್ತಿನ ಪೊಟ್ಟಣವನ್ನು ಬೆಳಿಗ್ಗೆ ಬಿಡಿಸಿದರೆ ಸಂಜೆಗೆ ಅದು ಬಾಗುವುದೇ ಹೊರತು ಮುರಿಯುವುದಿಲ್ಲ. ತೊಯ್ದು ಬಂದ ನೆಂಟರ ಮುಂದೆ ಕಾಫಿಯೊಡನೆ ಏನನ್ನಿಡುವುದು? ಗಾಳಿಮಳೆಗೆ ವಿದ್ಯುತ್ತು ಹೋಯಿತೆಂದರೆ ಮನೆಯಲ್ಲಿ ವಿದ್ಯುತ್ ಒಲೆಯಿದ್ದೂ ಇಲ್ಲದಂತೆಯೇ. ಆದುದರಿಂದ ಅಂಥ ಯಾವ ಉಪಕರಣವನ್ನೂ ಬೇಡದ ನಾನ್‌ಖಟಾಯಿಯ ಕ್ರಮವನ್ನು ಈ ತಿಂಗಳು ಸೋದರಿಯರ ಮುಂದಿಡುತ್ತೇವೆ.

ನಾನ್ ಎಂದರೆ ಪಾರಸಿ ಭಾಷೆಯಲ್ಲಿ ರೊಟ್ಟಿ. ಸೂರತ್ತಿನ ಡಚ್ಚರ ರೊಟ್ಟಿಯಂಗಡಿಯೊಂದು ಪಾರ್ಸಿಯೊಬ್ಬನ ಕೈಸೇರಿ, ಅಲ್ಲಿ ಈ ತಿಂಡಿ ಹುಟ್ಟಿತೆಂದು ಹೇಳುವುದುಂಟು. ಸಕ್ಕರೆ ಒಂದು ಪಾಲು, ಬೆಣ್ಣೆ ಎರಡು, ಹಿಟ್ಟು ಮೂರು ಎಂಬ ಲೆಕ್ಕದಲ್ಲಿ ಸ್ಕಾಟ್ಲೆಂಡಿನವರು ಮಾಡುವ ಷಾರ್ಟ್‌ಬ್ರೆಡ್ಡಿಗೂ ಇದಕ್ಕೂ ಅಕ್ಕತಂಗಿಯರ ಹೋಲಿಕೆ. ಮೊಟ್ಟೆ ಎರಡಕ್ಕೂ ಬೇಡ.

ಇದರ ಗುಟ್ಟೆಲ್ಲ ತುಪ್ಪದಲ್ಲಿದೆ. ಹೋಳಿಗೆಯ ಕಣಕವನ್ನು ನೆನೆಯಿರಿ. ಅಲ್ಲಿ ನೀರು ಹಾಕಿ ನಾದಿ ನಾದಿ ಜಿಗುಟು ಬರಿಸುತ್ತೇವೆ. ಜಿಗುಟಿಲ್ಲದಿದ್ದರೆ ಕಣಕ ಹರಿಯುತ್ತದೆ. ಇಲ್ಲಿ ಬೇಕಾದುದು ಅದಕ್ಕೆ ತೀರ ವಿರುದ್ಧವಾದುದು. ಗೋಧಿಯ ಹಿಟ್ಟಿನ ಕಣಕಣಕ್ಕೂ ಜಿಡ್ಡು ಸವರಿಕೊಂಡರೆ ಜಿಗುಟು ಹುಟ್ಟಲು ಎಡೆಯಿಲ್ಲ. ಬಾಯಲ್ಲಿಟ್ಟೊಡನೆ ತಿಂಡಿ ಪುಡಿಯಾಗುತ್ತದೆ. ಚಕ್ಕುಲಿಯ ಹಿಟ್ಟಿಗೆ ಬೆಣ್ಣೆ ತಿಕ್ಕಿ ಬಲ್ಲವರಿಗೆ ಇದು ಹೊಸ ಪಾಠವಲ್ಲ.

ಮೈದಾ 200 ಗ್ರಾಂ, ಕಡಲೆಹಿಟ್ಟು 50 ಗ್ರಾಂ, ಚಿರೋಟಿ ರವೆ 25 ಗ್ರಾಂ, ಬೀಸಿದ ಸಕ್ಕರೆ 110 ಗ್ರಾಂ, ತುಪ್ಪ 150 ಗ್ರಾಂ, ಅರ್ಧ ಚಮಚ ಬೇಕಿಂಗ್ ಪೌಡರ್, ಚಿಟಿಕೆ ಉಪ್ಪು, ನಾಲ್ಕೈದು ಏಲಕ್ಕಿಯ ಪುಡಿ. ಏಲಕ್ಕಿ ಬೆಳೆಯುವ ನಾಡಿನವರು ಒಂದೆರಡು ಹೆಚ್ಚಿಗೆ ಹಾಕಿಕೊಂಡರೆ ಯಾರೂ ಕೇಳುವುದಿಲ್ಲ. ತುಪ್ಪ ಹರಳುಗಟ್ಟಿ ಹೆಪ್ಪಾಗಿರಬೇಕು. ಕರಗಿದ ತುಪ್ಪದಿಂದ ಮಾಡಿದುದು ಕಾವಿಗೆ ಹರಡಿ ಚಪ್ಪಟೆಯಾಗುತ್ತದೆ. ಮಲೆನಾಡಿನ ಮಳೆಗಾಲದ ತಂಪು ಈ ಒಂದು ವಿಷಯದಲ್ಲಿ ನಮಗೆ ಉಪಕಾರಿ. ತುಪ್ಪವನ್ನೂ ಸಕ್ಕರೆಯನ್ನೂ ಅಗಲವಾದ ತಟ್ಟೆಯಲ್ಲಿ ಅಂಗೈಯಿಂದ ಬೆಳ್ಳಗೆ ಹಗುರಾಗುವವರೆಗೆ ತಿಕ್ಕಬೇಕು. ಹತ್ತು ನಿಮಿಷವಾದರೂ ಬೇಕು, ಅವಸರ ಕೂಡದು. ಬಳಿಕ ಜರಡಿ ಹಿಡಿದ ಹಿಟ್ಟುಗಳನ್ನೂ ಉಳಿದ ಪದಾರ್ಥಗಳನ್ನೂ ಸೇರಿಸಿ ಬೆರಳ ತುದಿಯಿಂದ ಕೂಡಿಸತಕ್ಕದ್ದು. ನಾದಬಾರದು, ನೀರು ತಾಗಿಸಬಾರದು. ಮುಷ್ಟಿ ಕಟ್ಟಿದರೆ ನಿಲ್ಲಬೇಕು. ನಿಲ್ಲದಿದ್ದರೆ ಇನ್ನೊಂದು ಚಮಚ ತುಪ್ಪ ಹಾಕಿರಿ. ನಿಂಬೆಯಷ್ಟು ಗಾತ್ರಕ್ಕಿಂತ ಚಿಕ್ಕ ಉಂಡೆಗಳನ್ನು ಮಾಡಿ, ಮೆಲ್ಲನೆ ಅದುಮಿ, ಎಡೆಬಿಟ್ಟು ತಟ್ಟೆಯಲ್ಲಿಡಬೇಕು.

ಬೇಯಿಸಲು ದಪ್ಪ ತಳದ ಪಾತ್ರೆ ಸಾಕು. ತಳದಲ್ಲಿ ಒಂದು ಅಂಗುಲ ಶುದ್ಧವಾದ ಮರಳು ಹರಡಿ, ನಡುವೆ ಒಂದು ಸಿಂಬಿಯಿಟ್ಟು, ಮುಚ್ಚಿ, ಹದಿನೈದು ನಿಮಿಷ ಸಣ್ಣ ಉರಿಯಲ್ಲಿ ಕಾಯಿಸಿರಿ. ಅನಂತರ ತಟ್ಟೆಯನ್ನು ಸಿಂಬಿಯ ಮೇಲಿರಿಸಿ ಮತ್ತೆ ಮುಚ್ಚಬೇಕು. ಸೌದೆಯ ಒಲೆಯಿದ್ದವರು ಕೆಳಗಿನ ಉರಿಯನ್ನು ತಗ್ಗಿಸಿ, ಮುಚ್ಚಳದ ಮೇಲೆ ತೆಂಗಿನ ಕರಟದ ಕೆಂಡ ಹರಡಿದರೆ ಮೇಲೂ ಕೆಳಗೂ ಸಮನಾದ ಕಾವು ದೊರೆಯುತ್ತದೆ. ನಮ್ಮ ಅಭಿಪ್ರಾಯದಲ್ಲಿ ಇದರ ರುಚಿಗೆ ಸಾಟಿಯಿಲ್ಲ. ಇಪ್ಪತ್ತರಿಂದ ಇಪ್ಪತ್ತೈದು ನಿಮಿಷದಲ್ಲಿ ಮೇಲ್ಭಾಗ ಬಿರಿದು, ಅಡಿ ನಸುಗೆಂಪಾಗುತ್ತದೆ. ಬಿಸಿಯಲ್ಲಿ ಮುಟ್ಟಿದರೆ ಮೆತ್ತಗಿರುವುದನ್ನು ಕಂಡು ಬೆಂದಿಲ್ಲವೆಂದು ಮತ್ತೆ ಒಲೆಯ ಮೇಲಿಟ್ಟು ಕರಿಕುಮಾಡುವವರೇ ಹೆಚ್ಚು. ತಣಿದ ಮೇಲೆಯೇ ಅದು ಗಟ್ಟಿಯಾಗುವುದು.

ತುಪ್ಪದ ಬೆಲೆಗೆ ಅಂಜಿ ವನಸ್ಪತಿಯನ್ನು ಬಳಸುವವರುಂಟು. ಆಕಾರ ನಿಲ್ಲುವುದೇನೋ ನಿಜ. ಅದರಲ್ಲಿದ್ದ ಟ್ರಾನ್ಸ್ ಕೊಬ್ಬು ಹೃದಯಕ್ಕೆ ಕೆಡುಕೆಂದು, 2022ರ ಜನವರಿಯಿಂದ ಅಂಥ ಕೊಬ್ಬು ಶೇಕಡಾ 2ನ್ನು ಮೀರಕೂಡದೆಂದು ಸರಕಾರವೇ ಕಟ್ಟಳೆ ಮಾಡಿದೆ. ಕಟ್ಟಳೆಯ ಮಾತಿರಲಿ, ವನಸ್ಪತಿ ನಾಲಗೆಗೆ ಮೇಣದಂತೆ ಅಂಟುತ್ತದೆ. ಖರ್ಚು ಹೆಚ್ಚೆನಿಸಿದರೆ ಅರ್ಧ ಪ್ರಮಾಣ ಮಾಡಿರಿ. ಮಕ್ಕಳಿಗೆ ತಲಾ ಎರಡು ಸಾಕು.

ಚೆನ್ನಾಗಿ ಆರಿದ ಬಳಿಕವೇ ಡಬ್ಬಿಗೆ ತುಂಬಬೇಕು. ಬಿಸಿಯಿರುವಾಗ ಮುಚ್ಚಿದರೆ ಅದರ ಹಬೆಯೇ ಅದನ್ನು ಕೆಡಿಸುತ್ತದೆ. ಹಿಡಿ ಅಕ್ಕಿಯನ್ನು ಹುರಿದು, ಆರಿಸಿ, ತೆಳುಬಟ್ಟೆಯಲ್ಲಿ ಕಟ್ಟಿ ಡಬ್ಬಿಯ ತಳದಲ್ಲಿಟ್ಟರೆ ತೇವವನ್ನು ಅದು ಹೀರುತ್ತದೆ; ವಾರಕ್ಕೊಮ್ಮೆ ಆ ಅಕ್ಕಿಯನ್ನು ಮತ್ತೆ ಹುರಿಯತಕ್ಕದ್ದು. ಅಷ್ಟಾಗಿಯೂ ಮೆತ್ತಗಾದರೆ ಅದೇ ಮರಳಿನ ಪಾತ್ರೆಯಲ್ಲಿ ಐದು ನಿಮಿಷ ಬೆಚ್ಚಗೆ ಮಾಡಿ, ಆರಿಸಿ ಕೊಡಿರಿ.